ಪಣಂಬೂರಿನಿಂದ ಹೊರಟ ಸರಕು ಹಡಗು 1140ರ ಮಂಗಳೂರಿಗೆ ಬಂದು ನಿಂತರೆ? ಕಥೆಗಾಗಿ ಸಲಹೆ ಬೇಕು

ಉಳ್ಳಾಲದ ಕಥೆಗಾರ್ತಿ:
ಎಲ್ಲರಿಗೂ ನಮಸ್ಕಾರ. ಕಾಲದಲ್ಲಿ ಹಿಂದಕ್ಕೆ ಸಾಗುವ ಒಂದು ಸರಕು ಹಡಗಿನ ಕುರಿತು ನೀಳ್ಗತೆ ಬರೆಯುತ್ತಿದ್ದೇನೆ. ಹಡಗು ಸಂಪೂರ್ಣ ಕಾಲ್ಪನಿಕ. ಪಣಂಬೂರಿನ ನವಮಂಗಳೂರು ಬಂದರಿನಲ್ಲಿ ಕಾಫಿ ಮತ್ತು ಗೇರುಬೀಜದ ಕಂಟೇನರುಗಳನ್ನು ತುಂಬಿಕೊಂಡು ಡಿಸೆಂಬರ್ ತಿಂಗಳ ಒಂದು ಸಂಜೆ ಹೊರಡುತ್ತದೆ. ಬೆಳಗಾಗುವಷ್ಟರಲ್ಲಿ ಅದೇ ಕರಾವಳಿಯ ಎದುರು, ಆದರೆ 1140ನೇ ಇಸವಿಯಲ್ಲಿ ಇರುತ್ತದೆ. ಹೇಗೆ ಹೋಯಿತು ಎಂಬುದನ್ನು ನಾನು ವಿವರಿಸುವುದಿಲ್ಲ. ಅಲ್ಲಿಂದ ಮುಂದೆ ಏನು ಎಂಬುದೇ ನನ್ನ ಕಥೆ.

ಮೊದಲ ಕರಡಿನಲ್ಲಿ ಹಡಗಿನವರು ಕಾಫಿ, ಗೇರುಬೀಜಗಳನ್ನು ಅರಸನಿಗೆ ಮಾರಿ ಚಿನ್ನ ಪಡೆಯುತ್ತಾರೆ. ಅದನ್ನು ಓದಿದ ಗೆಳತಿ “ಇದು ನಡೆಯುವ ಮಾತಲ್ಲ” ಎಂದಳು, ಆದರೆ ಯಾಕೆ ಎಂದು ಹೇಳಲು ಅವಳಿಗೂ ಆಗಲಿಲ್ಲ. ಕಾಲ ಬದಲಾಗಿದೆ ಎಂದು ಹಡಗಿನವರಿಗೆ ಮೊದಲು ಯಾವುದರಿಂದ ತಿಳಿಯುತ್ತದೆ, ಆ ಸರಕಿಗೆ ಅಲ್ಲಿ ಬೆಲೆ ಇರುತ್ತದೆಯೇ ಎಂಬುದನ್ನು ಬಲ್ಲವರು ತಿಳಿಸಿದರೆ ತುಂಬ ಉಪಕಾರವಾಗುತ್ತದೆ. 1140ನ್ನೇ ಆರಿಸಿಕೊಂಡಿದ್ದಕ್ಕೆ ಕಾರಣವಿದೆ: ಟ್ಯುನೀಷಿಯಾದ ಮಹ್ದಿಯಾ ಊರಿನ ಯಹೂದಿ ವರ್ತಕ ಅಬ್ರಹಾಂ ಬೆನ್ ಯಿಜು ಆ ವರ್ಷಗಳಲ್ಲಿ ಮಂಗಳೂರಿನಲ್ಲಿದ್ದ. ಅವನೂ ಹಡಗಿನವರೂ ಭೇಟಿಯಾಗಬೇಕು ಎಂಬುದು ನನ್ನ ಆಸೆ.

ಸೆಕೆಂಡ್ ಮೇಟ್:
ಮೇಡಂ, ಸರಕು ಹಡಗುಗಳಲ್ಲಿ ಇಪ್ಪತ್ತೆರಡು ವರ್ಷ ಕೆಲಸ ಮಾಡಿದವನು ನಾನು, ಆದ್ದರಿಂದ ಮೊದಲ ಪ್ರಶ್ನೆಗೆ ಉತ್ತರಿಸುತ್ತೇನೆ. ಹಡಗು ನಡೆಸುವ ಕೋಣೆಯಾದ ಬ್ರಿಜ್‌ನಲ್ಲಿ ಪಹರೆಯಲ್ಲಿರುವ ಅಧಿಕಾರಿಗೆ ಕಾಲ ಬದಲಾಗಿದೆ ಎಂಬ ಯೋಚನೆಯೇ ಬರುವುದಿಲ್ಲ, ಯಾವುದೋ ಉಪಕರಣ ಕೆಟ್ಟಿದೆ ಎಂದೇ ಅವನು ತಿಳಿಯುತ್ತಾನೆ. ಜಿಪಿಎಸ್ ಸಂಕೇತ ನಿಂತಿತೆಂದು ಎಕ್ಡಿಸ್, ಅಂದರೆ ಹಡಗಿನ ಕಂಪ್ಯೂಟರ್ ನಕ್ಷೆ, ಕೂಗಲು ತೊಡಗುತ್ತದೆ, ಕೊನೆಯ ಸ್ಥಾನ, ವೇಗ ಮತ್ತು ದಿಕ್ಕನ್ನು ಹಿಡಿದು ಲೆಕ್ಕದ ಸ್ಥಾನವನ್ನು ತೋರಿಸಲು ಆರಂಭಿಸುತ್ತದೆ. ಹಡಗುಗಳು ತಮ್ಮ ಗುರುತನ್ನು ರೇಡಿಯೋದಲ್ಲಿ ಸಾರುವ ಎಐಎಸ್ ವ್ಯವಸ್ಥೆಯ ಪರದೆಯ ಮೇಲೆ ಸುತ್ತಲಿನ ಹಡಗುಗಳನ್ನು ತೋರಿಸುವ ತ್ರಿಕೋನಗಳು ಒಂದೊಂದಾಗಿ ಅಳಿಸಿಹೋಗುತ್ತವೆ. ವಿಎಚ್‌ಎಫ್ ರೇಡಿಯೋದ 16ನೇ ಚಾನೆಲ್‌ನಲ್ಲಿ ಹಗಲೂ ರಾತ್ರಿ ಯಾರಾದರೂ ಮಾತನಾಡುತ್ತಲೇ ಇರುತ್ತಾರೆ. ಆ ಮಾತೂ ನಿಲ್ಲುತ್ತದೆ. ಆದರೆ ಗೈರೋ ದಿಕ್ಸೂಚಿ, ರಾಡಾರ್, ಆಳ ಅಳೆಯುವ ಎಕೋ ಸೌಂಡರ್ ಇವು ಹೊರಗಿನವರನ್ನು ನೆಚ್ಚಿಕೊಂಡಿಲ್ಲವಾದ್ದರಿಂದ ಚೆನ್ನಾಗಿಯೇ ನಡೆಯುತ್ತಿರುತ್ತವೆ. ರಾಡಾರಿನಲ್ಲಿ ದಡ ಇದ್ದಲ್ಲೇ ಕಾಣುತ್ತದೆ, ಆದರೆ ಲಂಗರು ಹಾಕಿ ಸರದಿಗಾಗಿ ಕಾಯುವ ಹಡಗು ಒಂದೂ ಇರುವುದಿಲ್ಲ. ಸುರತ್ಕಲ್ ದೀಪವಿಲ್ಲ, 1901ರಲ್ಲಿ ಕಟ್ಟಿದ ಕಾಪು ದೀಪಸ್ತಂಭವೂ ಇಲ್ಲ. ಇಡೀ ದಡ ಕತ್ತಲೆ.

ನನ್ನದೇ ಒಂದು ಅನುಭವ ಹೇಳುತ್ತೇನೆ. 2019ರ ಏಪ್ರಿಲ್ ಮೊದಲ ವಾರದಲ್ಲಿ ನಾವು ಅರಬ್ಬಿ ಸಮುದ್ರದಲ್ಲಿದ್ದೆವು. ಬ್ರಿಜ್‌ನ ಮೂಲೆಯಲ್ಲಿ ಹಳೆಯ ಬಿಡಿ ಜಿಪಿಎಸ್ ಯಂತ್ರವೊಂದಿತ್ತು. ಬೆಳಗಿನ ಪಹರೆಗೆ ಬಂದು ನೋಡಿದರೆ ಅದರಲ್ಲಿ ಸ್ಥಾನ ಸರಿಯಾಗಿತ್ತು, ದಿನಾಂಕ ಮಾತ್ರ 1999ರ ಆಗಸ್ಟ್ 22 ಎಂದಿತ್ತು. ಉಪಗ್ರಹಗಳು ವಾರಗಳನ್ನು 1024ರ ವರೆಗೆ ಎಣಿಸಿ ಮತ್ತೆ ಸೊನ್ನೆಗೆ ಮರಳುತ್ತವೆ, ಆ ಮರಳುವಿಕೆ 2019ರ ಏಪ್ರಿಲ್ 6ರ ಮಧ್ಯರಾತ್ರಿ ಆಗಿತ್ತು. ನಮ್ಮ ಹಡಗು ಸುಮಾರು ಇಪ್ಪತ್ತು ವರ್ಷ ಹಿಂದಿನ ಕಡಲಲ್ಲಿದೆ ಎಂದು ಆ ಪೆಟ್ಟಿಗೆ ಹಸಿರು ಅಕ್ಷರಗಳಲ್ಲಿ ಹೇಳುತ್ತಿತ್ತು.

ಗಣಿತದ ಮೇಷ್ಟ್ರು:
ಈ ಕಥೆಯಲ್ಲಿ ಆ ತೊಂದರೆ ಬರುವುದಿಲ್ಲ ಸರ್. 1140ರಲ್ಲಿ ಉಪಗ್ರಹವೇ ಇಲ್ಲದಿರುವಾಗ ತಪ್ಪು ದಿನಾಂಕವನ್ನಾದರೂ ಯಾರು ಕಳುಹಿಸುತ್ತಾರೆ? ಹಡಗಿನ ಗಡಿಯಾರಗಳು ಮಂಗಳೂರಿನಿಂದ ಹೊರಟ ದಿನಾಂಕವನ್ನೇ ಮುಂದುವರಿಸಿಕೊಂಡು ಹೋಗುತ್ತವೆ. ಹಾಗಾದರೆ ವರ್ಷ 1140 ಎಂದು ಹಡಗಿನವರು ಕಂಡುಹಿಡಿಯುವುದು ಹೇಗೆ ಎಂಬುದೇ ಗಟ್ಟಿಯಾದ ಪ್ರಶ್ನೆ.

ಸೆಕೆಂಡ್ ಮೇಟ್:
ಒಪ್ಪಿದೆ. ಉತ್ತರ ಆಕಾಶದಲ್ಲಿದೆ. ಸೆಕ್ಸ್‌ಟಂಟ್ ಎಂಬ ಕೋನ ಅಳೆಯುವ ಉಪಕರಣ ಹಿಡಿದು ಧ್ರುವನಕ್ಷತ್ರದ ಎತ್ತರ ಅಳೆದರೆ ಅದು ಹೆಚ್ಚುಕಡಿಮೆ ನಿಂತ ಜಾಗದ ಅಕ್ಷಾಂಶಕ್ಕೆ ಸಮವಾಗಿರುತ್ತದೆ. ಮಂಗಳೂರಿನ ಎದುರು ಸುಮಾರು 12.9 ಡಿಗ್ರಿ ಬರಬೇಕು. ಈಗ ಆ ನಕ್ಷತ್ರ ನಿಜವಾದ ಧ್ರುವಬಿಂದುವಿನಿಂದ ಮುಕ್ಕಾಲು ಡಿಗ್ರಿಗಿಂತಲೂ ಕಡಿಮೆ ದೂರದಲ್ಲಿದೆ. ಭೂಮಿಯ ಅಕ್ಷ ಬುಗುರಿಯಂತೆ ನಿಧಾನವಾಗಿ ತೂಗುವುದರಿಂದ 1140ರಲ್ಲಿ ಅದು ಸುಮಾರು 5 ಡಿಗ್ರಿ ದೂರದಲ್ಲಿತ್ತು. ಆದ್ದರಿಂದ ಒಂದೇ ಕಡೆ ಲಂಗರು ಹಾಕಿ ನಿಂತಿದ್ದರೂ ಧ್ರುವನಕ್ಷತ್ರ ರಾತ್ರಿಯ ಒಂದು ಹೊತ್ತಿನಲ್ಲಿ 18 ಡಿಗ್ರಿಯ ಹತ್ತಿರಕ್ಕೆ ಏರಿ, ಇನ್ನೊಂದು ಹೊತ್ತಿನಲ್ಲಿ 8 ಡಿಗ್ರಿಯ ಹತ್ತಿರಕ್ಕೆ ಇಳಿಯಬಹುದು. 5 ಡಿಗ್ರಿ ಎಂದರೆ 300 ನಾಟಿಕಲ್ ಮೈಲಿಗಳ ತಪ್ಪು. ಅಂಥ ತಪ್ಪನ್ನು ಯಾವ ಸೆಕೆಂಡ್ ಮೇಟ್ ಕೂಡ ತನ್ನ ಕೈ ನಡುಕದ ಮೇಲೆ ಹೊರಿಸಲಾರ. ಎರಡು ರಾತ್ರಿ ಕುಳಿತು ಆ ವೃತ್ತದ ಅಗಲವನ್ನು ಅಳೆದರೆ, ಅಕ್ಷ ತೂಗುವ ವೇಗ ಗೊತ್ತಿರುವುದರಿಂದ, ಶತಮಾನವನ್ನು ಲೆಕ್ಕ ಹಾಕಬಹುದು.

ಉಳ್ಳಾಲದ ಕಥೆಗಾರ್ತಿ:
ಧ್ರುವನೇ ಕದಲುವ ದೃಶ್ಯ! ಇದನ್ನು ಓದಿ ಮೈ ಝುಂ ಎಂದಿತು. ಅಚಲತೆಗೆ ನಾವು ಕೊಡುವ ಹೆಸರೇ ಧ್ರುವ ಅಲ್ಲವೇ?

ಗಣಿತದ ಮೇಷ್ಟ್ರು:
ಶತಮಾನ ಸಿಕ್ಕಿದರೂ ಆ ವಿಧಾನದಿಂದ ನಿಖರವಾದ ವರ್ಷ ಸಿಗುವುದು ಕಷ್ಟ. ವರ್ಷಕ್ಕಾಗಿ ದಡದವರನ್ನೇ ಕೇಳಬೇಕು. ಅವರು ಶಕ 1062 ಎಂದರೆ ಅದಕ್ಕೆ 78 ಕೂಡಿಸಿ 1140 ಎಂದು ತಿಳಿಯಬಹುದು. ಆಗ ಯುರೋಪಿನಲ್ಲಿದ್ದ ಜೂಲಿಯನ್ ಪಂಚಾಂಗಕ್ಕೂ ನಮ್ಮ ಈಗಿನ ಪಂಚಾಂಗಕ್ಕೂ ಆ ಶತಮಾನದಲ್ಲಿ 7 ದಿನಗಳ ಅಂತರವಿತ್ತು ಎಂಬುದನ್ನೂ ಗಮನದಲ್ಲಿಡಿ. ಕಥೆ ಐದು ವರ್ಷ ಮುಂದುವರಿದರೆ ಇನ್ನೊಂದು ಸಾಕ್ಷಿಯೂ ಇದೆ: 1145ರ ವಸಂತದಲ್ಲಿ ಹ್ಯಾಲಿ ಧೂಮಕೇತು ಬಂದಿತ್ತು.

ಇಂಜಿನ್ ಕೋಣೆ:
ಐದು ವರ್ಷದ ಮಾತು ಬಿಡಿ, ಹಡಗು ಐದು ತಿಂಗಳು ಬದುಕಿದರೆ ಹೆಚ್ಚು. ಬ್ರಿಜ್‌ನವರು ನಕ್ಷತ್ರ ನೋಡುತ್ತಿರುವಾಗ ಕೆಳಗೆ ನಾವು ಎಣ್ಣೆಯ ಲೆಕ್ಕ ಹಾಕುತ್ತಿರುತ್ತೇವೆ. ಮಧ್ಯಮ ಗಾತ್ರದ ಕಂಟೇನರ್ ಹಡಗು ಪೂರ್ಣ ವೇಗದಲ್ಲಿ ದಿನಕ್ಕೆ ಹತ್ತಾರು ಟನ್ ಎಣ್ಣೆ ಕುಡಿಯುತ್ತದೆ. ಲಂಗರು ಹಾಕಿ ನಿಂತರೂ ದೀಪ, ಪಂಪು, ತಂಪುಕೋಣೆಗಳಿಗಾಗಿ ಜನರೇಟರುಗಳು ದಿನಕ್ಕೆ ಕೆಲವು ಟನ್ ಕೇಳುತ್ತವೆ. ಅದಕ್ಕಿಂತ ಮೊದಲು ಕಾಡುವುದು ಸಿಹಿನೀರು. ಸಮುದ್ರದ ನೀರಿನಿಂದ ಸಿಹಿನೀರು ಮಾಡುವ ಯಂತ್ರ ಮುಖ್ಯ ಇಂಜಿನ್ನಿನ ಬಿಸಿಯಿಂದ ನಡೆಯುತ್ತದೆ. ಲಂಗರು ಹಾಕಿ ಮುಖ್ಯ ಇಂಜಿನ್ ನಿಲ್ಲಿಸಿದಿರೆಂದರೆ ನೀರೂ ನಿಂತಿತು. ಟ್ಯಾಂಕಿನಲ್ಲಿರುವುದು ಮುಗಿಯುವ ಮುನ್ನ ಹಡಗಿನವರು ದಡಕ್ಕೆ ಹೋಗಲೇಬೇಕು. ಅವರು ವ್ಯಾಪಾರಕ್ಕಾಗಿ ಇಳಿಯುವುದಿಲ್ಲ ಮೇಡಂ, ಕುಡಿಯುವ ನೀರಿಗಾಗಿ ಇಳಿಯುತ್ತಾರೆ. ನಿಮ್ಮ ಕಥೆಯ ಮೊದಲ ಅಧ್ಯಾಯ ಅಲ್ಲಿಂದ ಆರಂಭವಾಗಬೇಕು.

ಮಲ್ಪೆ ಬೋಟು:
ಇಳಿಯುವುದು ಎಲ್ಲಿ ಎಂದು ಯಾರೂ ಕೇಳಲಿಲ್ಲವಲ್ಲ. ಪಣಂಬೂರಿನ ಬಂದರು ಪ್ರಕೃತಿ ಕೊಟ್ಟದ್ದಲ್ಲ, ದಡದ ಒಳಗೆ ಅಗೆದು ಮಾಡಿದ ಕೊಳ. ಅದು ಮಹಾಬಂದರು ಎಂದು ಘೋಷಣೆಯಾಗಿದ್ದು 1974ರ ಮೇ 4ರಂದು. ಹಿಂದಿನ ಸಂಜೆ ಈ ಹಡಗು ಕಟ್ಟಿಕೊಂಡಿದ್ದ ಧಕ್ಕೆಯ ಜಾಗದಲ್ಲಿ 1140ರಲ್ಲಿ ಇದ್ದದ್ದು ಒಣ ನೆಲ. ಹೊರಟ ಜಾಗಕ್ಕೆ ಮರಳೋಣವೆಂದು ಕಪ್ತಾನ ತಿರುಗಿಸಿದರೆ ಹಡಗು ಮರಳಿಗೆ ಏರುತ್ತದೆ.

ನನ್ನ ಅಜ್ಜ ಮಂಗಳೂರಿನ ಹಳೆಯ ಬಂದರಿನಲ್ಲಿ ದುಡಿದವರು. ಆಗ ಸ್ಟೀಮರುಗಳು ಒಳಗೆ ಬರುತ್ತಿರಲಿಲ್ಲ, ದೂರದಲ್ಲಿ ಲಂಗರು ಹಾಕುತ್ತಿದ್ದವು. ಇವರು ದೋಣಿಗಳಲ್ಲಿ ಮೂಟೆ ತುಂಬಿಕೊಂಡು ಅಳಿವೆ ದಾಟಿ ಹೋಗಿ ಸ್ಟೀಮರಿನ ಪಕ್ಕಕ್ಕೆ ಹಚ್ಚುತ್ತಿದ್ದರು. ಅಲೆ ಏರಿದಾಗ ದೋಣಿ ಮೇಲೆ ಬರುತ್ತದೆ, ಆ ಒಂದು ಗಳಿಗೆಯಲ್ಲಿ ಕೊಕ್ಕೆ ಹಾಕಬೇಕು. ಅಲೆ ಇಳಿದ ಮೇಲೆ ಹಾಕಲು ಹೋದವರ ಬೆರಳು ಹೋಗುತ್ತಿತ್ತು. ಅಜ್ಜನ ಎಡಗೈಯಲ್ಲಿ ಕಿರುಬೆರಳು ಇರಲಿಲ್ಲ. ಮಳೆಗಾಲ ಬಂತೆಂದರೆ ಆ ಕೆಲಸವೂ ಬಂದ್. 1140ರಲ್ಲೂ ಹಾಗೆಯೇ ಇದ್ದಿರಬೇಕು. ಎಂಟುನೂರು ವರ್ಷ ಮಂಗಳೂರಿಗೆ ಸರಕು ಬಂದದ್ದು, ಮಂಗಳೂರಿನಿಂದ ಹೋದದ್ದು ದೋಣಿಯಲ್ಲಿ. ಆದ್ದರಿಂದ ನಿಮ್ಮ ಹಡಗಿನವರು ಬಂದರನ್ನು ಹುಡುಕುವುದು ಬೇಡ. ದೋಣಿಗಳೇ ಅವರನ್ನು ಹುಡುಕಿಕೊಂಡು ಬರುತ್ತವೆ. ಎಳನೀರು, ಕುಡಿಯುವ ನೀರು, ಮೀನು ಇಟ್ಟುಕೊಂಡೇ ಬಂದಾರು.

ಬಂದರು ಗುಮಾಸ್ತ:
ಮಲ್ಪೆಯ ಅಣ್ಣ ಹೇಳಿದ್ದು ನೂರಕ್ಕೆ ನೂರು ಸರಿ, ಅದರಿಂದಲೇ ಸರಕಿನ ಪ್ರಶ್ನೆಗೂ ಉತ್ತರ ಸಿಗುತ್ತದೆ. ರಫ್ತಿನ ಕಾಗದಪತ್ರ ಮಾಡುವ ಕೆಲಸ ನನ್ನದು. ಇಪ್ಪತ್ತು ಅಡಿಯ ಒಂದು ಕಂಟೇನರಿನಲ್ಲಿ 60 ಕಿಲೋ ತೂಕದ 320 ಕಾಫಿ ಚೀಲಗಳು ಹಿಡಿಯುತ್ತವೆ, ಅಂದರೆ 19.2 ಟನ್. ಗೇರುಬೀಜವಾದರೆ 700 ಪೆಟ್ಟಿಗೆಗಳು, ಒಂದೊಂದರಲ್ಲಿ 11.34 ಕಿಲೋದ ಎರಡು ಡಬ್ಬ, ಒಟ್ಟು ಸುಮಾರು 15.9 ಟನ್. ಹಡಗಿನ ಸ್ವಂತ ಕ್ರೇನಿನಿಂದ ಕಂಟೇನರನ್ನು ಎತ್ತಬಹುದು, ಆದರೆ ತೆಂಗಿನ ಹುರಿಯಿಂದ ಹೊಲಿದ ದೋಣಿಯ ಮೇಲೆ ಇಳಿಸಲು ಸಾಧ್ಯವೇ? ದೋಣಿ ಕಂಟೇನರಿನ ಜೊತೆಗೇ ತಳ ಸೇರುತ್ತದೆ. ಡೆಕ್ಕಿನ ಮೇಲೆಯೇ ಬಾಗಿಲು ತೆರೆದು ಒಂದೊಂದು ಚೀಲವನ್ನು ಹೊತ್ತು ಇಳಿಸಬೇಕು. ಕಾಫಿಯನ್ನು ಚೀಲವಿಲ್ಲದೆ ಸಡಿಲವಾಗಿ ಸುರಿದ ಕಂಟೇನರುಗಳಾದರೆ ಅದೂ ಆಗದು. ಆದ್ದರಿಂದ ಕಥೆಯಲ್ಲಿ ಗೋಣಿಚೀಲ ಎಂದು ಸ್ಪಷ್ಟವಾಗಿ ಬರೆಯಿರಿ.

ಇನ್ನೊಂದು ಮಾತು. ಸರಕಿನ ರಸೀದಿಯಾದ ಬಿಲ್ ಆಫ್ ಲೇಡಿಂಗ್‌ನಲ್ಲಿ ಸರಕು ಯಾರಿಗೆ ಸೇರಬೇಕು ಎಂದು ಬರೆದಿರುತ್ತದೆ. ಕಪ್ತಾನನು ಆ ಸರಕಿನ ಒಡೆಯನಲ್ಲ, ಕಾಯುವವನು ಮಾತ್ರ. ಸರಕು ಪಡೆಯಬೇಕಾದವನು ಹುಟ್ಟಲು ಇನ್ನೂ ಎಂಟುನೂರು ವರ್ಷವಿರುವಾಗ ಅವನ ಗೇರುಬೀಜವನ್ನು ಮಾರುವ ಹಕ್ಕು ಕಪ್ತಾನನಿಗೆ ಇದೆಯೇ? ಪ್ರಾಮಾಣಿಕನಾದ ಕಪ್ತಾನನ ನಿದ್ದೆಗೆಡಿಸುವ ಪ್ರಶ್ನೆ ಇದು, ಕಥೆಯಲ್ಲಿ ಬಂದರೆ ಚೆನ್ನ.

ಶಾಸನಪ್ರಿಯ:
ಕಪ್ತಾನ ಮಾರಲು ಒಪ್ಪಿದರೂ ಕೊಳ್ಳುವವರು ಇರುವುದಿಲ್ಲ. ಗೇರು ನಮ್ಮ ಕರಾವಳಿಗೆ ಬಂದದ್ದು ಪೋರ್ಚುಗೀಸರ ಮೂಲಕ, ಬ್ರೆಜಿಲಿನಿಂದ, 16ನೇ ಶತಮಾನದಲ್ಲಿ. ಕಾಫಿಯನ್ನು ಬಾಬಾ ಬುಡನ್ ತಂದರೆಂಬ ಪ್ರತೀತಿ 17ನೇ ಶತಮಾನದ್ದು. ಯೆಮನ್ನಿನಲ್ಲೇ ಕಾಫಿ ಕುಡಿಯುವ ರೂಢಿ ಕಾಣುವುದು 15ನೇ ಶತಮಾನದಲ್ಲಿ. 1140ರ ಮಂಗಳೂರಿನವರಿಗೆ ಈ ಎರಡೂ ಹೆಸರಿಲ್ಲದ ವಸ್ತುಗಳು. ಇಂದು ನಮ್ಮ ಕರಾವಳಿಯ ಹೆಗ್ಗುರುತು ಎಂದು ನಾವು ಹೊರದೇಶಗಳಿಗೆ ಕಳುಹಿಸುವ ಸರಕು ಅಂದಿನ ಕರಾವಳಿಗೆ ಪೂರ್ತಿ ಅಪರಿಚಿತವಾಗಿತ್ತು ಎಂಬುದನ್ನು ಯೋಚಿಸಿದಾಗಲೆಲ್ಲ ನನಗೆ ಬೆರಗಾಗುತ್ತದೆ.

ಆಗಿನ ಸರಕು ಯಾವುದೆಂದರೆ ಕಾಳುಮೆಣಸು, ಅಡಿಕೆ, ಏಲಕ್ಕಿ, ಕಬ್ಬಿಣ. ಆಳುಪರ ರಾಜ್ಯ, ಅರಸ ಕವಿ ಆಳುಪೇಂದ್ರ. ಅವರ ನಾಣ್ಯಗಳ ಮೇಲೆ ಜೋಡಿ ಮೀನಿನ ಗುರುತು. ಎರಡು ಶತಮಾನಗಳ ನಂತರ, 1342ರ ಸುಮಾರಿಗೆ ಇಲ್ಲಿಗೆ ಬಂದ ಮೊರೊಕ್ಕೊದ ಪ್ರವಾಸಿ ಇಬ್ನ್ ಬತೂತ, ಪಾರಸಿ ಮತ್ತು ಯೆಮನ್ ದೇಶಗಳ ವರ್ತಕರು ಇಲ್ಲಿ ಇಳಿಯುತ್ತಾರೆ, ಮೆಣಸು ಮತ್ತು ಶುಂಠಿ ಹೇರಳವಾಗಿದೆ ಎಂದು ಬರೆದಿದ್ದಾನೆ.

ಬಾಳೆಹೊನ್ನೂರು ಎಸ್ಟೇಟ್:
ಕಾಫಿಗೆ ಬೆಲೆಯಿಲ್ಲ ಎಂಬ ಮಾತು ಬೆಳೆಗಾರನಾದ ನನಗೆ ನೋವು ತರುತ್ತದೆ, ಆದರೂ ಒಪ್ಪಲೇಬೇಕು. ಹಸಿರು ಕಾಫಿಬೀಜವನ್ನು ಹುರಿದು, ಪುಡಿ ಮಾಡಿ, ಕುದಿಸಿ ಕೊಟ್ಟರೂ ಮೊದಲ ಗುಟುಕಿಗೆ ಯಾರೂ ಇಷ್ಟಪಡಲಾರರು. ಕಾಲಕ್ಕೂ ಹಡಗಿಗೂ ಕಾಫಿಗೂ ಇರುವ ನಂಟಿನ ಬಗ್ಗೆ ಮಾತ್ರ ಒಂದು ವಿಷಯ ಹೇಳಲೇಬೇಕು. ಹಾಯಿ ಹಡಗುಗಳ ಕಾಲದಲ್ಲಿ ನಮ್ಮ ಕಾಫಿ ಯುರೋಪಿಗೆ ತಲುಪಲು ತಿಂಗಳುಗಟ್ಟಲೆ ಹಿಡಿಯುತ್ತಿತ್ತು. ದಾರಿಯಲ್ಲಿ ಕಡಲ ತೇವವನ್ನು ಹೀರಿ ಬೀಜ ಉಬ್ಬಿ, ಹಳದಿ ಬಣ್ಣಕ್ಕೆ ತಿರುಗಿ, ಹುಳಿ ಕಡಿಮೆಯಾಗುತ್ತಿತ್ತು. ಅಲ್ಲಿನವರಿಗೆ ಆ ರುಚಿಯೇ ಅಭ್ಯಾಸವಾಗಿತ್ತು. ಉಗಿಹಡಗು ಬಂದು ದಾರಿ ಚಿಕ್ಕದಾದಾಗ ಆ ರುಚಿ ಹೋಯಿತು. ಆದ್ದರಿಂದ ಮಂಗಳೂರಿನ ಕ್ಯೂರಿಂಗ್ (ಕಾಫಿ ಸಂಸ್ಕರಣೆ) ಕೆಲಸದವರು ಮಳೆಗಾಲದಲ್ಲಿ, ಜೂನಿನಿಂದ ಸೆಪ್ಟೆಂಬರಿನವರೆಗೆ, ತೆರೆದ ಗೋದಾಮುಗಳಲ್ಲಿ ಬೀಜ ಹರಡಿ, ಕೆದಕಿ, ಚೀಲ ಬದಲಿಸಿ, ಅದೇ ರುಚಿಯನ್ನು ದಡದಲ್ಲಿಯೇ ತರುತ್ತಾರೆ. ಅದೇ ಮಾನ್ಸೂನ್ಡ್ ಮಲಬಾರ್. ನಿಮ್ಮ ಹಡಗಿನಲ್ಲಿ ತುಂಬುವ ಕಾಫಿ ಅದೇ ಆಗಿರಲಿ ತಂಗಿ. ನಿಂತುಹೋದ ಒಂದು ಪ್ರಯಾಣವನ್ನು ಒಳಗಿಟ್ಟುಕೊಂಡ ಬೀಜ ಅದು.

ಹರಿಹರದಿಂದ ಓದುಗ:
ಮುಖ್ಯ ವಿಷಯವನ್ನೇ ಎಲ್ಲರೂ ಬಿಟ್ಟಿದ್ದೀರಿ. ಹಿಂದಕ್ಕೆ ಹೋದವರು ಏನು ಮುಟ್ಟಿದರೂ ಇತಿಹಾಸ ಬದಲಾಗುತ್ತದೆ, ಆಗ ಆ ಹಡಗನ್ನೇ ಯಾರೂ ಕಟ್ಟಿರುವುದಿಲ್ಲ. ಇದನ್ನು ಬಗೆಹರಿಸದೆ ಕಥೆ ಬರೆಯಬಾರದು.

ಉಳ್ಳಾಲದ ಕಥೆಗಾರ್ತಿ:
ಸರ್, ಆ ಒಗಟಿನ ಮೇಲೆ ಬಹಳಷ್ಟು ಜನ ಬರೆದಾಗಿದೆ. ನಾನು ಅದರೊಳಗೆ ಇಳಿಯುವುದಿಲ್ಲ. ಬದಲಾದರೆ ಬದಲಾಗಲಿ, ಯಾವ ವಸ್ತುವಿನಿಂದ ಬದಲಾಗುತ್ತದೆ ಎಂಬುದಷ್ಟೇ ನನ್ನ ಕುತೂಹಲ.

ಅಡುಗೆಮನೆ:
ಅಕ್ಕ, ಹಾಗಾದರೆ ನನ್ನ ಉತ್ತರ ಕೇಳಿ. ಸರಕಿನಿಂದ ಏನೂ ಬದಲಾಗುವುದಿಲ್ಲ. ಸಿಪ್ಪೆ ತೆಗೆದ ಗೇರುಬೀಜ ಮೊಳೆಯುವುದಿಲ್ಲ. ಸಂಸ್ಕರಿಸಿ ಒಣಗಿಸಿ ರಫ್ತಿಗೆ ಸಿದ್ಧವಾದ ಕಾಫಿಬೀಜವೂ ಮೊಳೆಯುವ ಶಕ್ತಿಯನ್ನು ಹೆಚ್ಚುಕಡಿಮೆ ಕಳೆದುಕೊಂಡಿರುತ್ತದೆ. ಆದರೆ ಹಡಗಿನ ಅಡುಗೆಯವನ ಡಬ್ಬದಲ್ಲಿ ಒಣಮೆಣಸಿನಕಾಯಿ ಇರುತ್ತದಲ್ಲ! ಬಿಸಿಲಿನಲ್ಲಿ ಒಣಗಿಸಿದ ಬ್ಯಾಡಗಿ ಮೆಣಸಿನಕಾಯಿಯನ್ನು ಮುರಿದು ಬೀಜ ಹಾಕಿದರೆ ಹುಟ್ಟುತ್ತದೆ, ನಮ್ಮ ಹಿತ್ತಲಿನಲ್ಲಿ ನಾನೇ ಎಷ್ಟೋ ಸಲ ಹಾಕಿದ್ದೇನೆ. ಮೆಣಸಿನಕಾಯಿ ಈ ದೇಶಕ್ಕೆ ಬಂದದ್ದು ಪೋರ್ಚುಗೀಸರ ನಂತರ. ಅಡುಗೆಯವನು ಒಂದು ಹಿಡಿ ಕೊಟ್ಟರೆ ಸಾಕು, ಮುನ್ನೂರೈವತ್ತು ವರ್ಷ ಮೊದಲೇ ನಮ್ಮ ಮೀನುಸಾರು ಕೆಂಪಾಗುತ್ತದೆ.

ನಮ್ಮ ಕಡೆ ಕಾಳುಮೆಣಸಿಗೆ ಇಂದಿಗೂ ಒಳ್ಳೆಮೆಣಸು ಎನ್ನುತ್ತೇವೆ, ತುಳುವಿನಲ್ಲಿ ಎಡ್ಡೆ ಮುಂಚಿ. ಹೊಸದಾಗಿ ಬಂದ ಕೆಂಪು ಕಾಯಿ ಮೆಣಸಿನ ಹೆಸರನ್ನು ಎತ್ತಿಕೊಂಡಾಗ ಹಳೆಯದಕ್ಕೆ “ಒಳ್ಳೆ” ಎಂದು ಸೇರಿಸಿ ಗುರುತಿಟ್ಟುಕೊಂಡವರು ನಮ್ಮ ಹಿರಿಯರು.

ಮಲ್ಪೆ ಬೋಟು:
ಹಾಗಾದರೆ 1140ರಲ್ಲಿ ಬಂಗುಡೆಯನ್ನು ಕೆಂಪು ಮೆಣಸಿಲ್ಲದೆ ತಿನ್ನುತ್ತಿದ್ದರೇ? ಪಾಪ.

ಅಡುಗೆಮನೆ:
ಪಾಪ ಯಾಕೆ ಅಣ್ಣ? ಒಳ್ಳೆಮೆಣಸು, ಶುಂಠಿ, ಹುಣಸೆ, ತೆಂಗು ಎಲ್ಲವೂ ಇತ್ತು. ಬಾಣಂತಿಗೆ ಮಾಡುವ ಒಳ್ಳೆಮೆಣಸಿನ ಸಾರನ್ನು ಒಮ್ಮೆ ಮನಸ್ಸಿಟ್ಟು ಉಂಡು ನೋಡಿ.

ಶಾರ್ಜಾ ಕನ್ನಡಿಗ:
ಭಾಷೆಯ ಮಾತು ಬರಲಿಲ್ಲ. ಹಡಗಿನಲ್ಲಿ ಒಬ್ಬ ಕನ್ನಡಿಗನಿದ್ದರೆ ಎಲ್ಲರೊಡನೆ ಸರಾಗವಾಗಿ ಮಾತನಾಡಬಹುದಲ್ಲವೇ? 12ನೇ ಶತಮಾನದ ವಚನಗಳು ನಮಗೆ ಅರ್ಥವಾಗುತ್ತವೆ.

ಶಾಸನಪ್ರಿಯ:
ಅಷ್ಟು ಸಲೀಸಲ್ಲ ಸರ್. ವಚನಗಳು ಇಂದು ನಮಗೆ ಸಿಗುವ ರೂಪದಲ್ಲಿ ಸಂಕಲನಗೊಂಡದ್ದು ಬಹುಮಟ್ಟಿಗೆ 15ನೇ ಶತಮಾನ ಮತ್ತು ಅನಂತರ, ಹಾಗಾಗಿ ಅವುಗಳ ಭಾಷೆಯನ್ನೇ 1140ರ ಆಡುಮಾತು ಎನ್ನಲಾಗದು. ಪಕಾರ ಹಕಾರವಾಗುತ್ತಿದ್ದ ಕಾಲ ಅದು: ಹತ್ತು ಎಂಬುದು ಪತ್ತು, ಹೊನ್ನು ಎಂಬುದು ಪೊನ್, ಹುಲಿ ಎಂಬುದು ಪುಲಿ. ಮಂಗಳೂರಿನಲ್ಲಿ ಶಾಸನಕ್ಕೆ ಕನ್ನಡವಿದ್ದರೂ ದೋಣಿಯವರ ಬಾಯಲ್ಲಿ ತುಳು ಇದ್ದಿರಬೇಕು, ತುಳು ಇಂದಿಗೂ ಪತ್ತ್, ಪಿಲಿ ಎಂದೇ ಹೇಳುತ್ತದೆ. ಹಡಗಿನಲ್ಲಿ ಬೆಂಗಳೂರಿನ ಕನ್ನಡಿಗನಿಗಿಂತ ತುಳು ಮಾತನಾಡುವ ಒಬ್ಬ ಎಣ್ಣೆಗಾರ, ಅಂದರೆ ಇಂಜಿನ್ನಿಗೆ ಎಣ್ಣೆ ಹಾಕುವವನು, ಇದ್ದರೆ ಅವನಿಗೇ ಹೆಚ್ಚು ಕೆಲಸ.

ಹಡಗಿನವರ ಮನೆಯಾಕೆ:
ಇಲ್ಲಿಯವರೆಗೆ ಎಲ್ಲರೂ ಹಡಗು ಹೋದ ಕಡೆಯ ಬಗ್ಗೆಯೇ ಮಾತನಾಡಿದ್ದೀರಿ, ಹಡಗು ಬಿಟ್ಟುಹೋದ ಕಡೆಯ ಬಗ್ಗೆ ನಾನು ಹೇಳುತ್ತೇನೆ. 2020ರಲ್ಲಿ ನನ್ನ ಗಂಡ ಏಳು ತಿಂಗಳ ಒಪ್ಪಂದಕ್ಕೆ ಹೋದವರು ಹದಿನಾಲ್ಕು ತಿಂಗಳು ಹಡಗಿನಲ್ಲೇ ಉಳಿದರು. ಕೊರೊನಾ ಕಾರಣ ಯಾವ ಬಂದರಿನವರೂ ನಾವಿಕರನ್ನು ಇಳಿಯಲು ಬಿಡಲಿಲ್ಲ. ಅವಧಿ ಮೀರಿ ಹಾಗೆ ಸಿಕ್ಕಿಕೊಂಡವರು ಜಗತ್ತಿನಾದ್ಯಂತ ಒಂದು ಹಂತದಲ್ಲಿ ನಾಲ್ಕು ಲಕ್ಷದಷ್ಟು ಜನ. ಕಂಪನಿಗೆ ಫೋನ್ ಮಾಡಿದರೆ “ಮುಂದಿನ ಬಂದರಿನಲ್ಲಿ” ಎಂದು ಪ್ರತಿ ಬಾರಿಯೂ ಒಂದೇ ಉತ್ತರ. ಅವರು ಹೋಗುವಾಗ ಮಗಳು ತೆವಳುತ್ತಿದ್ದಳು. ಮರಳಿ ಬಂದಾಗ ಓಡಿಬಂದು ಬಾಗಿಲು ತೆರೆದು, ಅವರನ್ನು ನೋಡಿ, ಯಾರೋ ಮಾಮ ಬಂದಿದ್ದಾರೆ ಎಂದಳು. ಕಾಲದಲ್ಲಿ ಕಳೆದುಹೋದ ಹಡಗಿನವರಿಗೂ ಮನೆ ಇರುತ್ತದೆ. ಅದನ್ನು ಮರೆಯಬೇಡಿ.

ಉಳ್ಳಾಲದ ಕಥೆಗಾರ್ತಿ:
ಅಕ್ಕ, ಇದನ್ನು ಓದಿದ ಮೇಲೆ ಬಹಳ ಹೊತ್ತು ಏನೂ ಬರೆಯಲಾಗಲಿಲ್ಲ. ಕಥೆಯಲ್ಲಿ ಮನೆಯವರ ಒಂದು ಭಾಗ ಖಂಡಿತ ಇರುತ್ತದೆ.

ಸೆಕೆಂಡ್ ಮೇಟ್:
ತಂಗಿಯ ಮಾತಿಗೆ ಒಂದು ನಿಜವಾದ ಘಟನೆಯನ್ನು ಸೇರಿಸುತ್ತೇನೆ. 1967ರ ಜೂನ್ 5ರಂದು ಇಸ್ರೇಲ್ ಮತ್ತು ಅರಬ್ ದೇಶಗಳ ನಡುವೆ ಯುದ್ಧ ಶುರುವಾದಾಗ ಸೂಯೆಜ್ ಕಾಲುವೆಯಲ್ಲಿ 15 ಸರಕು ಹಡಗುಗಳು ಸಿಕ್ಕಿಕೊಂಡವು, ಅವುಗಳಲ್ಲಿ 14 ಕಾಲುವೆಯ ದಾರಿಯಲ್ಲೇ ಇರುವ ಗ್ರೇಟ್ ಬಿಟರ್ ಸರೋವರದಲ್ಲಿ. ಕಾಲುವೆ ಮತ್ತೆ ತೆರೆದದ್ದು 1975ರಲ್ಲಿ. ಮರುಭೂಮಿಯ ಮರಳು ಕೂತು ಹಳದಿಯಾದ ಅವುಗಳಿಗೆ ಹಳದಿ ನೌಕಾಪಡೆ ಎಂದೇ ಹೆಸರು ಬಂತು. ನಾವಿಕರು ಸಂಘ ಕಟ್ಟಿಕೊಂಡರು, ತಮ್ಮದೇ ಅಂಚೆಚೀಟಿ ಮಾಡಿದರು, 1968ರಲ್ಲಿ ತಮ್ಮದೇ ಒಲಿಂಪಿಕ್ಸ್ ನಡೆಸಿದರು. ಕೊನೆಗೆ ತಮ್ಮ ಇಂಜಿನ್ನಿನ ಬಲದಿಂದಲೇ ಊರು ಸೇರಿದವು ಮುನ್‌ಸ್ಟರ್‌ಲಾಂಡ್ ಮತ್ತು ನಾರ್ಡ್‌ವಿಂಡ್ ಎಂಬ ಜರ್ಮನಿಯ ಎರಡು ಹಡಗುಗಳು ಮಾತ್ರ. 1975ರ ಮೇ ತಿಂಗಳಲ್ಲಿ ಹ್ಯಾಂಬರ್ಗ್ ತಲುಪಿದವು. ಅವು ಹೊರಟಾಗ ಚೀಲ, ಪೆಟ್ಟಿಗೆಗಳನ್ನು ಬಿಡಿಬಿಡಿಯಾಗಿ ತುಂಬುವ ಕಾಲವಿತ್ತು. ತಲುಪಿದಾಗ ಬಂದರುಗಳೆಲ್ಲ ಕಂಟೇನರಿನತ್ತ ತಿರುಗಿದ್ದವು. ಎಂಟು ವರ್ಷ ಮುಂದಕ್ಕೆ ಸಾಗಿದ ಹಡಗುಗಳು ಅವು, ಯಾವ ಕಲ್ಪನೆಯೂ ಬೇಕಾಗಿಲ್ಲ.

ಇಂಜಿನ್ ಕೋಣೆ:
ಎಂಟು ವರ್ಷ ನಿಂತ ಇಂಜಿನ್ನನ್ನು ಮತ್ತೆ ಓಡಿಸಿದರೆಂದರೆ, ಆ ಸಿಬ್ಬಂದಿ ಅದನ್ನು ಪ್ರತಿ ವಾರ ತಿರುಗಿಸಿ, ಎಣ್ಣೆ ಹಾಕಿ, ಮಗುವಿನಂತೆ ನೋಡಿಕೊಂಡಿರಬೇಕು. ಅವರಿಗೆ ನನ್ನ ನಮಸ್ಕಾರ.

ಶಾಸನಪ್ರಿಯ:
ಬೆನ್ ಯಿಜು ಭೇಟಿಯ ವಿಷಯಕ್ಕೆ ಬರೋಣ. ಕೈರೋದ ಬೆನ್ ಎಜ್ರಾ ಸಿನಗಾಗಿನಲ್ಲಿ (ಯಹೂದಿಗಳ ಪ್ರಾರ್ಥನಾ ಮಂದಿರದಲ್ಲಿ) ಉಳಿದುಬಂದ ಕಾಗದಗಳಿಂದ ಅವನ ಬದುಕು ನಮಗೆ ತಿಳಿದಿದೆ. 1132ರಲ್ಲಿ ಅವನು ಮಂಗಳೂರಿನಲ್ಲಿ ಆಶು ಎಂಬ ದಾಸಿಗೆ ಬಿಡುಗಡೆ ಪತ್ರ ಬರೆದುಕೊಟ್ಟ. ಅವಳನ್ನೇ ಮದುವೆಯಾದನೆಂದು ವಿದ್ವಾಂಸರು ಹೇಳುತ್ತಾರೆ. ಇಲ್ಲಿ ಕಂಚಿನ ಕಾರ್ಖಾನೆ ನಡೆಸುತ್ತಿದ್ದ. ಯೆಮನ್ನಿನ ಏಡನ್ ಬಂದರಿನ ಗೆಳೆಯರು ಒಡೆದ ತಾಮ್ರದ ಪಾತ್ರೆಗಳನ್ನು ಕಳುಹಿಸಿ ಹೊಸದು ಮಾಡಿಸಿಕೊಳ್ಳುತ್ತಿದ್ದರು. ಬೊಮ್ಮ ಎಂದು ಓದಲಾಗುವ ಹೆಸರಿನ ಅವನ ಸೇವಕ ಅವನ ಪರವಾಗಿ ಏಡನ್ನಿಗೆ ಹೋಗಿ ವ್ಯಾಪಾರ ಮಾಡುತ್ತಿದ್ದ. ಒಮ್ಮೆ ಅವನ ಸರಕು ತುಂಬಿದ ಹಡಗು ಕೆಂಪು ಸಮುದ್ರದ ಬಾಯಲ್ಲಿರುವ ಬಾಬ್ ಅಲ್ ಮಂದಬ್ ಜಲಸಂಧಿಯ ಬಳಿ ಮುಳುಗಿತು. ಮುಳುಗುಗಾರರನ್ನು ಇಳಿಸಿ ಕಬ್ಬಿಣದಲ್ಲಿ ಸುಮಾರು ಅರ್ಧವನ್ನು ಎತ್ತಿಸಿದರು, ಮೆಣಸು ಪೂರ್ತಿ ಹೋಯಿತು ಎಂದು ಗೆಳೆಯನೊಬ್ಬ ಬರೆದಿದ್ದಾನೆ. 1149ರಲ್ಲಿ ಅವನು ಮಂಗಳೂರು ಬಿಟ್ಟ.

ಈಗ ನನ್ನ ಮುಖ್ಯ ಮಾತು. ಗೆಳೆಯರು ಅವನಿಗೆ ಉಡುಗೊರೆಯಾಗಿ ಕಳುಹಿಸುತ್ತಿದ್ದುದರಲ್ಲಿ ಸಕ್ಕರೆ, ಒಣದ್ರಾಕ್ಷಿ, ಸಾಬೂನುಗಳ ಜೊತೆಗೆ ಮತ್ತೆ ಮತ್ತೆ ಕಾಣುವುದು ಈಜಿಪ್ಟಿನ ಕಾಗದ. ನಮ್ಮವರು ಬರೆಯುತ್ತಿದ್ದುದು ತಾಳೆಗರಿಯ ಮೇಲೆ, ಇಲ್ಲಿ ಕಾಗದ ಸಿಗುತ್ತಿರಲಿಲ್ಲ. ಅವನಿಗೆ ಕಾಗದದ ಕೊರತೆ ಎಷ್ಟಿತ್ತೆಂದರೆ ಬಂದ ಪತ್ರಗಳ ಹಿಂಬದಿಯಲ್ಲಿ, ಸಾಲುಗಳ ನಡುವಿನ ಖಾಲಿ ಜಾಗದಲ್ಲಿ ಲೆಕ್ಕ ಮತ್ತು ಕವಿತೆಗಳ ಕರಡು ಬರೆಯುತ್ತಿದ್ದ. ಅಂಥವನ ಕಣ್ಣಿಗೆ ನಿಮ್ಮ ಹಡಗಿನ ಸಾವಿರಾರು ಟನ್ ಸರಕು ಬೀಳುವುದಿಲ್ಲ. ಹಡಗಿನ ಕಚೇರಿಯ ಕಪಾಟಿನಲ್ಲಿರುವ ಎ4 ಕಾಗದದ ಕಟ್ಟು ಬೀಳುತ್ತದೆ.

ಬಂದರು ಗುಮಾಸ್ತ:
ಆಹಾ! ಒಂದು ಕಟ್ಟಿನಲ್ಲಿ 500 ಹಾಳೆ. ಒಂದೊಂದು ಬಂದರಿನಲ್ಲಿ ಕೊಡಬೇಕಾದ ಕಾಗದಪತ್ರಗಳನ್ನು ನೆನೆಸಿಕೊಂಡರೆ ಯಾವ ಸರಕು ಹಡಗಿನಲ್ಲೂ ಹತ್ತಾರು ಕಟ್ಟುಗಳು ಇದ್ದೇ ಇರುತ್ತವೆ. ಇಷ್ಟಲ್ಲದೆ ಇದು ಹಡಗಿನದೇ ಸಾಮಾನು, ಸರಕಲ್ಲ. ಬಿಲ್ ಆಫ್ ಲೇಡಿಂಗ್‌ನ ತಕರಾರಿಲ್ಲ, ಕಪ್ತಾನ ನಿಶ್ಚಿಂತೆಯಿಂದ ಕೊಡಬಹುದು.

ಇಂಜಿನ್ ಕೋಣೆ:
ಒಪ್ಪುವುದಿಲ್ಲ. ನನ್ನ ಪ್ರಕಾರ ಬೆಲೆಯುಳ್ಳದ್ದು ಕಂಟೇನರಿನ ಉಕ್ಕು. ಖಾಲಿ ಪೆಟ್ಟಿಗೆ ಒಂದೊಂದೂ ಎರಡು ಟನ್ನಿಗಿಂತ ಹೆಚ್ಚು ತೂಗುತ್ತದೆ. ಲೋಹದ ಕಾರ್ಖಾನೆ ನಡೆಸುವವನು ಅದನ್ನು ಬಿಟ್ಟು ಕಾಗದ ಕೇಳುತ್ತಾನೆಯೇ?

ಶಾಸನಪ್ರಿಯ:
ಕಬ್ಬಿಣ ಈ ನಾಡಿನಿಂದ ಅವನು ಹೊರಗೆ ಕಳುಹಿಸುತ್ತಿದ್ದ ಸರಕು ಸರ್, ಇಲ್ಲಿ ಬೇಕಾದಷ್ಟಿತ್ತು. ಇಲ್ಲಿ ಇಲ್ಲದ್ದು ಕಾಗದ.

ಗಣಿತದ ಮೇಷ್ಟ್ರು:
ಆದರೆ ಪ್ರಿಂಟರಿನ ಕಾಗದದ ಮೇಲೆ ಅವನ ಲೇಖನಿಯ ಶಾಯಿ ನಿಲ್ಲುತ್ತದೆಯೇ? ಹರಡಿ ಅಕ್ಷರ ಕೆಟ್ಟರೆ ಇಡೀ ದೃಶ್ಯ ಹಾಳಾಗುತ್ತದೆ. ಯಾರಾದರೂ ಪರೀಕ್ಷೆ ಮಾಡಿ ನೋಡಬೇಕು.

ಉಳ್ಳಾಲದ ಕಥೆಗಾರ್ತಿ:
ನಾನೇ ಮಾಡಿದೆ. ನಿನ್ನೆ ರಾತ್ರಿ ಎಳ್ಳೆಣ್ಣೆಯ ದೀಪದ ಮೇಲೆ ಹಿತ್ತಾಳೆಯ ತಟ್ಟೆ ಕವುಚಿಟ್ಟು ಕಾಡಿಗೆ ಹಿಡಿದೆ. ಬೆಳಿಗ್ಗೆ ಅದನ್ನು ಕೆರೆದು ಗೋಂದಿನ ನೀರಿನಲ್ಲಿ ಅರೆದು, ಹಿತ್ತಲಿನ ಒಣ ಲಾಳದ ಕಡ್ಡಿಯನ್ನು ಓರೆಯಾಗಿ ಕತ್ತರಿಸಿ, ಪ್ರಿಂಟರಿನಿಂದ ತೆಗೆದ ಹಾಳೆಯ ಮೇಲೆ ಬರೆದು ನೋಡಿದೆ. ಮೊದಲ ಎರಡು ಅಕ್ಷರ ದಪ್ಪವಾದವು, ಶಾಯಿ ನೀರಾಗಿತ್ತು. ಇನ್ನೂ ಸ್ವಲ್ಪ ಕಾಡಿಗೆ ಸೇರಿಸಿದ ಮೇಲೆ ಗೆರೆ ಸ್ವಚ್ಛವಾಗಿ ಬಂತು, ಅಂಚು ಎಲ್ಲಿಯೂ ಹರಡಲಿಲ್ಲ, ಹಾಳೆಯ ಹಿಂಬದಿಗೂ ಇಳಿಯಲಿಲ್ಲ. ಒಣಗಿದ ಮೇಲೆ ಬೆರಳಿನಿಂದ ಉಜ್ಜಿದರೂ ಅಳಿಯಲಿಲ್ಲ. ಕಾರಣವೇನಿರಬಹುದು?

ಶಾಸನಪ್ರಿಯ:
ಗಂಜಿ ಮೇಡಂ. ಶಾಯಿ ಹರಡದಿರಲೆಂದು ಅರಬ್ ನಾಡುಗಳ ಅಂದಿನ ಕಾಗದಕ್ಕೆ ಗಂಜಿ ಬಳಿಯುತ್ತಿದ್ದರು. ನಿಮ್ಮ ಪ್ರಿಂಟರಿನ ಕಾಗದಕ್ಕೂ ಮೇಲೆ ಗಂಜಿಯನ್ನೇ ಬಳಿದಿರುತ್ತಾರೆ. ಬೆನ್ ಯಿಜು ಆ ಹಾಳೆಯನ್ನು ಬೆಳಕಿಗೆ ಹಿಡಿದು, ಬೆರಳಿನಿಂದ ಸವರಿದರೆ, ಬಿಳುಪನ್ನು ಕಂಡು ಬೆರಗಾದರೂ ಅದರ ಮೈಯನ್ನು ಗುರುತಿಸುತ್ತಾನೆ.

ಉಳ್ಳಾಲದ ಕಥೆಗಾರ್ತಿ:
ಹಾಗಾದರೆ ಹಡಗಿನವರು ನೀರಿನ ಪೀಪಾಯಿಗಳೊಂದಿಗೆ ದೋಣಿಯಲ್ಲಿ ದಡಕ್ಕೆ ಇಳಿಯುತ್ತಾರೆ, ತುಳು ಬಲ್ಲ ಎಣ್ಣೆಗಾರನ ಕಂಕುಳಲ್ಲಿ ಒಂದು ಕಟ್ಟು ಕಾಗದವಿರುತ್ತದೆ. ಅಡುಗೆಯವನ ಮೆಣಸಿನಕಾಯಿ ಡಬ್ಬ ಹಡಗಿನಲ್ಲೇ ಉಳಿಯುತ್ತದೋ ಇಲ್ಲವೋ ಇನ್ನೂ ತೀರ್ಮಾನಿಸಿಲ್ಲ. ಮೊದಲ ಅಧ್ಯಾಯವನ್ನು ಇವತ್ತೇ ತಿದ್ದಲು ಕೂರುತ್ತೇನೆ.

ಮಲ್ಪೆ ಬೋಟು:
ಕಾಗದಕ್ಕೆ ಪ್ಲಾಸ್ಟಿಕ್ ಸುತ್ತಿ ಇಳಿಸಿ ತಂಗಿ. ಅಳಿವೆ ದಾಟುವಾಗ ದೋಣಿಯೊಳಗೆ ನೀರು ಹಾರದೆ ಇರುವುದಿಲ್ಲ.